ಪರ್ಕಳದಲ್ಲಿ ಸ್ಪ್ಯಾನಿಷ್ ಬೈಬಲ್

ಮೊನ್ನೆ ರಜೆಗೆ ಬಂದಿದ್ದ ಮೊಮ್ಮಗಳು ಜಗಲಿಯಲ್ಲಿ ಕುಳಿತು ಮೊಬೈಲಿನ ಜೊತೆ ಮಾತಾಡುತ್ತಿದ್ದಳು. ಮೊಬೈಲು ಒಂದು ಶಬ್ದ ಹೇಳುವುದು, ಇವಳು ಅದನ್ನೇ ತಿರುಗಿ ಹೇಳುವುದು. ನಾನು ಸ್ನಾನ ಮುಗಿಸಿ ಟುವಾಲು ಒಣಹಾಕಲು ಹೊರಗೆ ಬರುವುದಕ್ಕೂ ಅದು "ತೊವಾಯಾ" ಎನ್ನುವುದಕ್ಕೂ ಸರಿಹೋಯಿತು. ಇವಳೂ "ತೊವಾಯಾ" ಎಂದಳು.

"ಹಾಗಲ್ಲ, ತುವಾಲ್ಯಾ," ಎಂದೆ.

"ಅಜ್ಜ, ನಿಮಗೆ ಸ್ಪ್ಯಾನಿಷ್ ಬರ್ತದಾ?"

"ಬರುವುದಿಲ್ಲ. ಅನುಮಾನ ಪಡ್ಲಿಕ್ಕೆ ಎಷ್ಟು ಬೇಕೋ ಅಷ್ಟು ಬರ್ತದೆ."

ಅವಳು ನಕ್ಕು ಮೊಬೈಲಿಗೆ ತಿರುಗಿದಳು. ನಾನು ಒದ್ದೆ ಟುವಾಲು ಹಿಡಿದುಕೊಂಡು ಅಲ್ಲೇ ನಿಂತೆ. ಮೊಬೈಲು ಹೇಳಿದ್ದೇ ಸರಿ ಎಂದು ನನಗೂ ಗೊತ್ತು. ಕಾರ್ಕಳದ ಒಬ್ಬ ಬಸ್ಸಿನವನ ಬಾಯಿಗೆ ಸ್ಪ್ಯಾನಿಷ್ ಶಬ್ದ, ಅದೂ ತಪ್ಪಾದ ಸ್ಪ್ಯಾನಿಷ್ ಶಬ್ದ, ಹೇಗೆ ಬಂದು ಕುಳಿತಿತು ಎಂದು ನೀವು ಕೇಳಿದರೆ ಸ್ವಲ್ಪ ಸುತ್ತಿ ಹೇಳಬೇಕಾಗುತ್ತದೆ.

ಎಪ್ಪತ್ತರ ದಶಕದಲ್ಲಿ ನಾನು ಉಡುಪಿ–ಕಾರ್ಕಳ ದಾರಿಯಲ್ಲಿ ಓಡುವ ಖಾಸಗಿ ಬಸ್ಸುಗಳಲ್ಲಿ ಚೆಕ್ಕಿಂಗ್ ಕೆಲಸಕ್ಕಿದ್ದೆ. ಮಣಿಪಾಲದಲ್ಲೋ ಹಿರಿಯಡ್ಕದಲ್ಲೋ ಮರದ ಮರೆಯಲ್ಲಿ ನಿಲ್ಲುವುದು, ಬಸ್ಸು ಬಂದ ಕೂಡಲೇ ಹತ್ತಿ ಟಿಕೇಟು ನೋಡುವುದು. ನಿದ್ದೆ ಮಾಡುತ್ತಿರುವವನು ನಿಜವಾಗಿ ನಿದ್ದೆ ಮಾಡುತ್ತಿದ್ದಾನೆಯೇ? ಕಿಟಕಿಯಾಚೆ ಅಷ್ಟು ಆಸಕ್ತಿಯಿಂದ ನೋಡುತ್ತಿರುವವನಿಗೆ ಅಲ್ಲಿ ಕಾಣುತ್ತಿರುವುದಾದರೂ ಏನು? ನನ್ನನ್ನು ಕಂಡು ಕಂಡಕ್ಟರು ನಕ್ಕನೇ, ಹಾಗಾದರೆ ಯಾಕೆ ನಕ್ಕ? ಈ ಕೆಲಸವನ್ನು ಕೆಲವು ಕಾಲ ಮಾಡಿದವನಿಗೆ ಇಗರ್ಜಿಯಲ್ಲಿ ಕಣ್ಣುಮುಚ್ಚಿ ಪ್ರಾರ್ಥಿಸುವವರನ್ನು ಕಂಡರೂ ಹತ್ತಿರ ಹೋಗಿ ಟಿಕೇಟು ಕೇಳಬೇಕೆನಿಸುತ್ತದೆ.

ಹಾಗಂತ ಎಲ್ಲ ತಪ್ಪನ್ನೂ ಬಸ್ಸಿನ ಮೇಲೆ ಹೊರಿಸಲಾರೆ. ಅನುಮಾನ ನನಗೆ ತಾಯಿಯ ಕಡೆಯಿಂದ ಬಂದ ಆಸ್ತಿ. ನಾನು ಸಣ್ಣವನಿರುವಾಗ ಮೀನಿನ ಬುಟ್ಟಿ ಹೊತ್ತ ಗಿರಿಜಕ್ಕ ನಮ್ಮ ಅಂಗಳಕ್ಕೆ ಬಂದರೆ ಅಲ್ಲಿ ನಡೆಯುವುದು ವ್ಯಾಪಾರವಲ್ಲ, ವಿಚಾರಣೆ. ಅಮ್ಮ ಒಂದೊಂದೇ ಬಂಗುಡೆಯ ಕಿವಿರು ಎತ್ತಿ ಒಳಗಿನ ಕೆಂಪು ನೋಡುವಳು, ಹೊಟ್ಟೆ ಒತ್ತುವಳು, ಕಣ್ಣಿಗೆ ಕಣ್ಣಿಟ್ಟು ನೋಡುವಳು. ಗಿರಿಜಕ್ಕ ಸೊಂಟಕ್ಕೆ ಕೈಯಿಟ್ಟು, "ಇನ್ನೆಂತ ಬಾಯಮ್ಮ, ಇದರ ಜಾತಕವೂ ಬೇಕಾ?" ಎಂದು ಕೇಳುವಳು. ಆದರೂ ಹಳಸಿದ ಮೀನು ನಮ್ಮ ಮನೆಯ ಹೊಸ್ತಿಲು ದಾಟಿದ್ದು ನನಗೆ ನೆನಪಿಲ್ಲ.

ಬೈಬಲ್ ವಿಷಯದಲ್ಲೂ ಅಮ್ಮನಿಗೆ ಹಾಗೆಯೇ. ನಮ್ಮದು ಕೊಂಕಣಿ ಮಾತಾಡುವ ಕಥೋಲಿಕ ಮನೆ. ಇಲ್ಲಿ ಮಾತುಗಳನ್ನೆಲ್ಲ ಕನ್ನಡಕ್ಕೆ ತಿರುಗಿಸಿ ಬರೆಯುತ್ತಿದ್ದೇನೆ. ಮನೆಯಲ್ಲಿ ಜಪಸರ ನಡೆಯುತ್ತಿತ್ತು, ಬೈಬಲ್ ಮಾತ್ರ ಕಪಾಟಿನಲ್ಲಿ ಬಟ್ಟೆ ಸುತ್ತಿಕೊಂಡು ಮಲಗಿರುತ್ತಿತ್ತು. ಫಾದರ್ ಇಲ್ಲದೆ ಅದನ್ನು ಓದಬಾರದು, ಓದಿದರೆ ತಲೆ ಕೆಡುತ್ತದೆ ಎಂದು ಅಮ್ಮನ ನಂಬಿಕೆ. ಹಾಗೆ ತಲೆ ಕೆಟ್ಟ ಒಬ್ಬರು ಹಿರಿಯಡ್ಕದಲ್ಲಿ ಇದ್ದಾರೆ ಎಂದೂ ಹೇಳುತ್ತಿದ್ದಳು. ನಾನೂ ತಂಗಿ ಹಿಲ್ಡಾಳೂ ಅಮ್ಮ ಬಾವಿಗೆ ಹೋದಾಗ ಕಪಾಟು ತೆಗೆದು, ಬಟ್ಟೆ ಬಿಚ್ಚಿ, ಚಿತ್ರ ಇರುವ ಪುಟಗಳನ್ನಷ್ಟೇ ನೋಡಿ ಮುಚ್ಚಿಡುತ್ತಿದ್ದೆವು. ಆಮೇಲೆ ಇಡೀ ದಿನ ನಾನು ತಲೆ ಮುಟ್ಟಿ ಮುಟ್ಟಿ ನೋಡಿಕೊಳ್ಳುತ್ತಿದ್ದೆ. ಹಿಲ್ಡಾ ಹೆದರುತ್ತಿರಲಿಲ್ಲ. ಚಿತ್ರದಲ್ಲಿದ್ದ ಕುರಿಗಳನ್ನು ಎಣಿಸಿದೆಯಾ ಎಂದು ನನ್ನನ್ನು ಕೇಳುತ್ತಿದ್ದಳು.

ಈ ಹಿಲ್ಡಾ ದೊಡ್ಡವಳಾಗಿ ಮಣಿಪಾಲದಲ್ಲಿ ನರ್ಸ್ ಆದಳು. ಹಾಸ್ಟೆಲಿನಲ್ಲಿದ್ದು ಶನಿವಾರ ಮನೆಗೆ ಬರುತ್ತಿದ್ದಳು. ತುರ್ತು ಪರಿಸ್ಥಿತಿ ಮುಗಿದು ಹೆಚ್ಚು ಸಮಯ ಆಗಿರಲಿಲ್ಲ, ಜನ ಇನ್ನೂ ಗೋಡೆಯ ಕಡೆ ನೋಡಿಯೇ ಮಾತಾಡುತ್ತಿದ್ದ ಕಾಲ. ಅಂಥ ಒಂದು ಶನಿವಾರ ಅವಳು ಗಂಜಿಯ ಬಟ್ಟಲಿನ ಮುಂದೆ ಕುಳಿತು, ತಾನು ಬೊಲಿವಿಯಾ ದೇಶಕ್ಕೆ ಹೋಗುವುದಾಗಿ ಹೇಳಿದಳು. ಅಲ್ಲಿ ಬೆಟ್ಟದ ಮೇಲಿನ ಒಂದು ಹಳ್ಳಿಯಲ್ಲಿ ಸಿಸ್ಟರುಗಳು ನಡೆಸುವ ಚಿಕ್ಕ ಆಸ್ಪತ್ರೆ ಉಂಟಂತೆ. ಅವರಿಗೆ ನರ್ಸುಗಳು ಬೇಕಂತೆ.

ಅಮ್ಮ ಉಪ್ಪಿನಕಾಯಿಯ ಜಾಡಿ ಮುಚ್ಚಿದಳು. "ಸಿಸ್ಟರ್ ಆಗ್ತಿಯಾ?"

"ಇಲ್ಲ. ನರ್ಸ್ ಆಗಿಯೇ ಹೋಗುವುದು. ಐದು ವರ್ಷ, ಮತ್ತೆ ಬರುವುದು."

"ಹುಡುಗಿಯರನ್ನು ಹೀಗೇ ಹೇಳಿ ಕರ್ಕೊಂಡು ಹೋಗ್ತಾರಂತೆ. ಅಲ್ಲಿ ಮುಟ್ಟಿದ ಮೇಲೆ ಯಾರದ್ದೋ ಮನೆಯಲ್ಲಿ ಪಾತ್ರೆ ತೊಳೀಲಿಕ್ಕೆ ಹಾಕ್ತಾರಂತೆ. ಪೆದ್ರು, ನೀನು ಎಂತ ಹೇಳ್ತಿ?"

ನನ್ನ ಹೆಸರು ಪೀಟರ್. ಪೆದ್ರು ಎಂದು ಅಮ್ಮ ಮಾತ್ರ ಕರೆಯುತ್ತಿದ್ದಳು, ಅದೂ ನನ್ನ ಅನುಮಾನದ ಸಹಾಯ ಬೇಕಾದಾಗ. "ವಿಚಾರಿಸಬೇಕು," ಎಂದೆ.

ಸಿಸ್ಟರುಗಳದ್ದು ಒಂದೇ ಷರತ್ತು, ಹಿಲ್ಡಾ ಅಲ್ಲಿಯವರು ಆಡುವ ಸ್ಪ್ಯಾನಿಷ್ ಕಲಿಯಬೇಕು. ಅವರು ಅವಳಿಗೆ ಒಂದು ಸ್ಪ್ಯಾನಿಷ್ ಬೈಬಲನ್ನೂ ಅದನ್ನು ಓದುವ ಕ್ರಮ ತಿಳಿಸುವ ತೆಳ್ಳಗಿನ ಒಂದು ಇಂಗ್ಲಿಷ್ ಪುಸ್ತಿಕೆಯನ್ನೂ ಕಳಿಸಿದ್ದರು. ಆ ಕ್ರಮಕ್ಕೆ ಕನ್ನಡದಲ್ಲಿ ಅನುಗಮನ ಪದ್ಧತಿ ಎನ್ನುತ್ತಾರೆಂದು ಆಮೇಲೆ ನಮ್ಮ ಊರಿನ ಮಾಸ್ಟರರು ಹೇಳಿದರು. ನನಗೆ ಅದು ಅನುಮಾನ ಪದ್ಧತಿ ಎಂದು ಕೇಳಿಸಿತ್ತು, ಅರೆ, ನಮ್ಮ ಮನೆಯ ಪದ್ಧತಿಗೆ ಪುಸ್ತಕವೂ ಬಂತಲ್ಲ ಎಂದುಕೊಂಡಿದ್ದೆ. ಸಂಗತಿ ಸರಳ. ಒಂದು ಭಾಗವನ್ನು ಮತ್ತೆ ಮತ್ತೆ ಓದಬೇಕು. ಯಾರು, ಎಲ್ಲಿ, ಯಾವಾಗ, ಏನು ಮಾಡಿದರು, ಏನು ಹೇಳಿದರು, ಯಾವ ಶಬ್ದ ಎರಡನೇ ಸಲ ಬಂತು, 'ಆದರೆ' ಎಂದು ಎಲ್ಲಿ ಉಂಟು, 'ಯಾಕೆಂದರೆ' ಎಂದು ಎಲ್ಲಿ ಉಂಟು ಎಂದು ಗುರುತು ಹಾಕಬೇಕು. ಅರ್ಥ ಏನು ಎಂಬ ಪ್ರಶ್ನೆ ಅದಾದ ಮೇಲೆ. ಅದರಿಂದ ನನಗೇನು ಎಂಬುದು ಎಲ್ಲಕ್ಕಿಂತ ಕೊನೆಗೆ. ಕಂಡದ್ದರಿಂದ ಹೊರಟು ಅರ್ಥದ ಕಡೆಗೆ ನಡೆಯಬೇಕೇ ಹೊರತು ಮೊದಲೇ ಅರ್ಥ ಕಟ್ಟಿಕೊಂಡು ಬರಬಾರದು. ಬೇರೆಯವರ ವ್ಯಾಖ್ಯಾನವನ್ನೂ ಕೂಡಲೇ ನೋಡಬಾರದು.

"ಫಾದರನ್ನೂ ಕೇಳಬಾರದಾ?" ಎಂದಳು ಅಮ್ಮ.

"ಮೊದಲು ನಾವೇ ನೋಡಬೇಕು. ಮತ್ತೆ ಕೇಳಬಹುದು."

"ಪೆದ್ರು, ಇದು ನಮ್ಮ ಕಥೋಲಿಕರದ್ದಲ್ಲ. ಬೇರೆ ಯಾರದ್ದೋ ಸಭೆಯದ್ದು."

ಸರಿ, ಸ್ಪ್ಯಾನಿಷ್ ಕಲಿಸುವವರು ಯಾರು? ಉಡುಪಿಯಲ್ಲಿ ಯಾವ ಭಾಷೆಗೂ ಬರಗಾಲವಿಲ್ಲ, ಒಂದೇ ಬೀದಿಯಲ್ಲಿ ತುಳುವಿನಲ್ಲಿ ಬೈಸಿಕೊಂಡು, ಕೊಂಕಣಿಯಲ್ಲಿ ಸಮಾಧಾನ ಮಾಡಿಸಿಕೊಂಡು, ಬ್ಯಾರಿಯಲ್ಲಿ ಚಾ ಕುಡಿದು ಬರಬಹುದು. ಸ್ಪ್ಯಾನಿಷ್ ಮಾತ್ರ ಇರಲಿಲ್ಲ. ಆದರೆ ಹಿಲ್ಡಾ ಹುಡುಕಿದ್ದಳು. ಕೈ ಉಳುಕಿ ಆಸ್ಪತ್ರೆಗೆ ಬಂದಿದ್ದ ಒಬ್ಬ ಗೋವಾದ ಹೆಂಗಸು, ಪರ್ಕಳದಲ್ಲಿ ಬಾಡಿಗೆ ರೂಮಿನಲ್ಲಿ ಒಬ್ಬರೇ ಇರುವವರು, ಒಲಿಂಪಿಯಾ ಬಾಯಿ. ಅವರು ಕಲಿಸುತ್ತೇನೆ ಎಂದಿದ್ದಾರೆ. ದಕ್ಷಿಣೆ ಏನೂ ಬೇಡ ಎಂದಿದ್ದಾರೆ.

ಬೇಡ ಎಂದದ್ದೇ ನನಗೆ ಸಾಕಾಯಿತು. ಏನನ್ನೂ ಕೇಳದೆ ಕೊಡುವವರನ್ನು ನಾನು ಬಸ್ಸಿನಲ್ಲಿ ಅಂದಿನವರೆಗೆ ಕಂಡಿರಲಿಲ್ಲ.

ಮುಂದಿನ ಆದಿತ್ಯವಾರ ಇಗರ್ಜಿಯ ಪೂಜೆ ಮುಗಿಸಿ ತಂಗಿಯ ಜೊತೆ ಬಸ್ಸು ಹತ್ತಿದೆ. ಪರ್ಕಳ ಆಗಿನ್ನೂ ಬೆಳೆಯುತ್ತಿತ್ತು. ಒಂದು ಸಾಲು ಅಂಗಡಿ, ಅದರ ಹಿಂದೆ ಮಣಿಪಾಲಕ್ಕೂ ಉಡುಪಿಗೂ ಕೆಲಸಕ್ಕೆ ಹೋಗುವವರ ಬಾಡಿಗೆ ರೂಮುಗಳು. ಕೊನೆಯ ರೂಮಿನ ಬಾಗಿಲಲ್ಲಿ ಎತ್ತರದ, ತೆಳ್ಳಗಿನ ಹೆಂಗಸೊಬ್ಬರು ಗೌನು ಹಾಕಿಕೊಂಡು ನಿಂತಿದ್ದರು. ನಮ್ಮಲ್ಲಿ ಆ ಪ್ರಾಯದವರು ಗೌನು ಹಾಕುವುದಿಲ್ಲ. ಅದನ್ನೂ ಮನಸ್ಸಿನಲ್ಲಿ ಗುರುತು ಮಾಡಿಕೊಂಡೆ.

"ನೀವೂ ಒಳಗೆ ಬನ್ನಿ," ಎಂದರು.

"ನಾನು ಹೊರಗೇ ಇರ್ತೇನೆ. ಗಾಳಿ ಉಂಟು."

ಗಾಳಿ ಇರಲಿಲ್ಲ. ಆದರೆ ಒಳಗೆ ಕುಳಿತು ಅವರ ಚಾ ಕುಡಿದರೆ ಮತ್ತೆ ಅನುಮಾನ ಪಡಲು ನಾಚಿಕೆಯಾಗುತ್ತದೆ. ಹಾಗೆ ಜಗಲಿಯ ಕಟ್ಟೆಯಲ್ಲಿ ಪತ್ರಿಕೆ ಬಿಡಿಸಿ, ಕಿವಿಯನ್ನು ಒಳಗೆ ಬಿಟ್ಟು ಕುಳಿತೆ. ಅಲ್ಲಿಂದ ಮುಂದೆ ಪ್ರತಿ ಆದಿತ್ಯವಾರವೂ ನನ್ನ ಜಾಗ ಅದೇ.

ಕೇಳಿದಷ್ಟೂ ವಿಚಿತ್ರವೆನಿಸಿತು. ಆ ಟೀಚರು ಏನನ್ನೂ ಹೇಳಿಕೊಡುತ್ತಿರಲಿಲ್ಲ, ಬರೀ ಪ್ರಶ್ನೆ ಕೇಳುತ್ತಿದ್ದರು. ಇದು ಯಾವ ಶಬ್ದ? ಮೊದಲು ಎಲ್ಲಿ ಬಂದಿತ್ತು? ಆಗ ಅದರ ಪಕ್ಕದಲ್ಲಿ ಯಾರಿದ್ದರು? ಹಾಗಾದರೆ ಇದರ ಅರ್ಥ ಏನಿರಬಹುದು? ನೀವೇ ಹೇಳಿ, ಪಾಠ ಹೇಳುವವರು ಇಷ್ಟೊಂದು ಕೇಳುವುದುಂಟೇ? ಹೀಗೆ ಕೇಳುವವರು ಪೊಲೀಸರು, ಇಲ್ಲವಾದರೆ ನಮ್ಮಂಥ ಚೆಕ್ಕಿಂಗಿನವರು.

ಒಂದು ದಿನ ಒಳಗಿನಿಂದ ಈ ಮಾತು ಕೇಳಿಸಿತು.

"ಪೇದ್ರೊ ಎಲ್ಲಿ ಕುಳಿತಿದ್ದಾನೆ?"

"ಹೊರಗೆ," ಎಂದಳು ಹಿಲ್ಡಾ.

"ಹೊರಗೆ ಎಲ್ಲಿ?"

"ಅಂಗಳದಲ್ಲಿ."

"ಯಾಕೆ ಬಂದಿದ್ದಾನೆ?"

"ಕೊನೆಗೆ ಎಂತ ಆಗ್ತದೆ ಅಂತ ನೋಡ್ಲಿಕ್ಕೆ."

"ಅವನಿಗೆ ಹೆದರಿಕೆ ಉಂಟಾ?"

ನಾನು ಪತ್ರಿಕೆ ಮಡಚಿ ಎದ್ದು ಬಾಗಿಲಿಗೆ ಹೋದೆ. "ನಾನು ಯಾರಿಗೂ ಹೆದರುವವನಲ್ಲ. ತಂಗಿ ಒಬ್ಬಳೇ ಬರಬಾರದು ಅಂತ ಬಂದಿದ್ದೇನೆ ಅಷ್ಟೆ."

ಇಬ್ಬರೂ ತಲೆಯೆತ್ತಿ ನೋಡಿದರು. ಹಿಲ್ಡಾ ಸೀರೆಯ ಸೆರಗನ್ನು ಬಾಯಿಗೆ ಒತ್ತಿಕೊಂಡಳು. ಒಲಿಂಪಿಯಾ ಬಾಯಿ ಮಾತ್ರ ನಗಲಿಲ್ಲ. "ನಾವು ಸಂತ ಪೇತ್ರರ ವಿಷಯ ಓದುತ್ತಿದ್ದೇವೆ. ಯೇಸುವನ್ನು ಹಿಡಿದುಕೊಂಡು ಹೋದ ದಿನ ಅವರು ಹೊರಗೆ ಅಂಗಳದಲ್ಲಿ ಕುಳಿತಿದ್ದರು," ಎಂದು ಗಂಭೀರವಾಗಿ ಹೇಳಿ, ಹಿಲ್ಡಾಳ ಕಡೆ ತಿರುಗಿದರು. "ಹೆದರಿಕೆ ಉಂಟಾ?"

"ಅದು ಇಲ್ಲಿ ಬರೆದಿಲ್ಲ ಟೀಚರ್."

"ಸರಿ. ಬರೆಯದ್ದನ್ನು ನಾವು ಹೇಳುವುದು ಬೇಡ."

ನಾನು ಮರಳಿ ಹೋಗಿ ಪತ್ರಿಕೆ ಬಿಡಿಸಿದೆ. ಅದು ತಲೆಕೆಳಗಾಗಿತ್ತೆಂದು ಆಮೇಲೆ ಹಿಲ್ಡಾ ಹೇಳಿದಳು. ನನಗೆ ಈಗಲೂ ಅದರಲ್ಲಿ ನಂಬಿಕೆ ಇಲ್ಲ.

ಮನೆಯಲ್ಲಿ ಅಮ್ಮನ ವಿಚಾರಣೆ ಬೇರೆಯೇ ನಡೆದಿತ್ತು. ಹಿಲ್ಡಾ ಕಲಿತದ್ದನ್ನು ಪಾತ್ರೆ ತೊಳೆಯುತ್ತಾ ಗಟ್ಟಿಯಾಗಿ ಹೇಳಿಕೊಳ್ಳುವಳು. ಮೇಸ ಎಂದರೆ ಮೇಜು. ಕಮೀಸ ಎಂದರೆ ಅಂಗಿ. ಪಾದ್ರೆ ಎಂದರೆ ತಂದೆ. ಯೇಸು ಶಿಷ್ಯರ ಪಾದ ತೊಳೆದು ಒರಸಿದ್ದು ತುವಾಲ್ಯಾದಿಂದ. ಅಮ್ಮ ಒಲೆಯ ಮುಂದಿನಿಂದ ಎದ್ದು ಬಂದಳು.

"ಮೇಜ್, ಕಮೀಸ್, ತುವಾಲೊ. ಇದು ನಮ್ಮ ಕೊಂಕಣಿ ಅಲ್ಲವಾ? ನಾನು ಹೇಳುವ ಮಾತನ್ನೇ ಬಾಲ ತಿರುಚಿ ನಿನಗೆ ಮಾರ್ತಿದ್ದಾಳೆ ಆ ಹೆಂಗಸು. ಇಂಥ ಸ್ಪ್ಯಾನಿಷ್ ಆದರೆ ನಾನೇ ಕಲಿಸ್ತೇನೆ."

ಎತ್ತಿ ನೋಡಲು ನನಗೆ ಬೇಕಾಗಿದ್ದ ಕಿವಿರು ಸಿಕ್ಕಿತು. ಹಿಲ್ಡಾ ಹೋಗದಿರಲು ಒಂದು ಕಾರಣ ಬೇಕಿತ್ತು ನಮಗೆ. ನಾವಿಬ್ಬರೂ ಅದನ್ನು ಹಾಗೆಂದು ಒಪ್ಪಿಕೊಂಡಿರಲಿಲ್ಲ, ಅಷ್ಟೆ. ಒಲಿಂಪಿಯಾ ಬಾಯಿ ಮೊದಲು ಕಾಪುವಿನಲ್ಲಿ ಇದ್ದರೆಂದು ಪರ್ಕಳದ ಮನೆ ಧಣಿಯಿಂದ ತಿಳಿದುಕೊಂಡು, ರಜೆಯ ದಿನ ಕಾಪುವಿಗೆ ಹೋದೆ.

ಕಡಲಿಗೆ ಹೋಗುವ ದಾರಿಯಲ್ಲಿ ಖಾದರ್ ಬ್ಯಾರಿಗಳ ಜೀನಸಿ ಅಂಗಡಿ. ಬಿಳಿ ಗಡ್ಡ, ಹಸಿರು ಪಟ್ಟಿಯ ಬನಿಯನು, ಬೆಲ್ಲದ ಅಚ್ಚಿನ ಮೇಲಿನ ನೊಣ ಓಡಿಸುತ್ತಾ ಕುಳಿತಿದ್ದರು.

"ಒಲಿಂಪಿಯಾ ಬಾಯಿ ಅಂತ ಇಲ್ಲಿ ಇದ್ದರಂತೆ?"

"ಇದ್ದರು. ನೀವು ಎಂತ, ಸಂಬಂಧಿಕರಾ?"

"ಹಾಗೇ. ಪರಿಚಯ."

"ಪರಿಚಯ ಇದ್ದವರು ಅವರ ಹತ್ರವೇ ಕೇಳಬಹುದಲ್ಲ ಮಾರಾಯ್ರೆ. ನನ್ನ ಹತ್ರ ಯಾಕೆ ಬಂದಿರಿ?"

ನನ್ನನ್ನು ಯಾರಾದರೂ ಚೆಕ್ಕಿಂಗ್ ಮಾಡಿದ್ದು ಅದೇ ಮೊದಲು. ತಂಗಿಯ ವಿಷಯವನ್ನೆಲ್ಲ ಹೇಳಬೇಕಾಯಿತು. ಅವರು ಪೂರ್ತಿ ಕೇಳಿ, ನನ್ನ ಮುಖವನ್ನು ಇನ್ನಷ್ಟು ಹೊತ್ತು ನೋಡಿ, ಕೂರಲು ಒಂದು ಗೋಣಿಯ ಮೂಟೆ ತೋರಿಸಿದರು.

"ಗೋವಾದಲ್ಲಿ ಪೋರ್ಚುಗೀಸ್ ಟೀಚರ್ ಆಗಿದ್ದರಂತೆ. ಅಲ್ಲಿ ಸರಕಾರ ಬದಲಾಯ್ತಲ್ವಾ, ಮತ್ತೆ ಪೋರ್ಚುಗೀಸ್ ಯಾರಿಗೆ ಬೇಕು? ಅವರ ಯಜಮಾನರಿಗೆ ಇಲ್ಲಿ ಲೈಟ್‌ಹೌಸಿನಲ್ಲಿ ಕೆಲಸ ಆಯಿತು. ಒಳ್ಳೆ ಮನುಷ್ಯ. ಜ್ವರ ಬಂದು ತೀರಿಹೋದರು. ಮತ್ತೆ ಆ ಬಾಯಿಗೆ ಸಂಜೆಯಾದರೆ ದೀಪ ತಿರುಗುವುದನ್ನು ನೋಡ್ಲಿಕ್ಕೆ ಆಗ್ಲಿಲ್ಲ. ಕಡಲ ಬದಿ ಬಿಟ್ಟು ಒಳನಾಡಿಗೆ ಹೋಗಿ ಇರ್ತೇನೆ ಅಂತ ಹೋದರು."

"ಸ್ಪ್ಯಾನಿಷ್ ಬರ್ತದಾ ಅವರಿಗೆ?"

"ಅದೆಂತದು?"

"ಅದೂ ಒಂದು ಭಾಷೆ."

"ಅದರ ಹೆಸರೇ ಅವರ ಬಾಯಲ್ಲಿ ಕೇಳಿಲ್ಲ."

ನಾನು ಗೆದ್ದವನಂತೆ ಬಸ್ಸು ಹತ್ತಿದೆ. ಆ ಶನಿವಾರ ಗಂಜಿಗೆ ಕುಳಿತಾಗ, ಅಮ್ಮನ ಎದುರಿಗೇ, "ನಿನ್ನ ಟೀಚರಿಗೆ ಸ್ಪ್ಯಾನಿಷ್ ಬರುವುದಿಲ್ಲ. ಅವರು ಪೋರ್ಚುಗೀಸ್ ಕಲಿಸ್ತಿದ್ದವರು," ಎಂದೆ.

"ಗೊತ್ತುಂಟು," ಎಂದಳು ಹಿಲ್ಡಾ.

"ಎಂತ ಗೊತ್ತುಂಟು?"

"ಮೊದಲ ದಿನವೇ ಹೇಳಿದ್ದಾರೆ. ಪೋರ್ಚುಗೀಸ್ ನನ್ನದು, ಸ್ಪ್ಯಾನಿಷ್ ಅದರ ತಂಗಿ, ಮುಖ ನೋಡಿದರೆ ಗುರುತು ಸಿಗ್ತದೆ, ಆದರೆ ತಂಗಿಯ ಬುದ್ಧಿ ಪೂರ್ತಿ ಗೊತ್ತಿಲ್ಲ, ಒಟ್ಟಿಗೆ ಕಲಿಯುವಾ ಅಂದರು. ನೀನು ಆಗ ಹೊರಗೆ ಗಾಳಿ ತಿನ್ನುತ್ತಾ ಇದ್ದಿ."

ಅಮ್ಮ ಬಿಡಲಿಲ್ಲ. "ಗೊತ್ತಿಲ್ಲದವಳು ಕಲಿಸುವುದು, ಗೊತ್ತಿಲ್ಲದವಳು ಕಲಿಯುವುದು. ಕುರುಡನಿಗೆ ಕುರುಡ ದಾರಿ ತೋರಿಸಿದ ಹಾಗೆ."

"ಅದೂ ಬೈಬಲಿನಲ್ಲಿ ಉಂಟಮ್ಮ. ಯಾರು ಯಾರಿಗೆ ಹೇಳಿದ್ದು ಅಂತ ನೋಡುವಾ?" ಎಂದಳು ಹಿಲ್ಡಾ. ಮತ್ತೆ ತಣ್ಣಗೆ ಸೇರಿಸಿದಳು, "ನಮಗೆ ಇಬ್ಬರಿಗೂ ಗೊತ್ತಿಲ್ಲ. ಹಾಗಾಗಿ ಪುಟದಲ್ಲಿ ಇದ್ದದ್ದನ್ನು ಬಿಟ್ಟು ಬೇರೆ ಎಂತದೂ ಹೇಳ್ಲಿಕ್ಕೆ ಆಗುವುದಿಲ್ಲ. ಗೊತ್ತಿರುವವರ ಹತ್ರ ಕಲಿತಿದ್ದರೆ ಅವರು ಹೇಳಿದ್ದನ್ನು ಬರ್ಕೊಂಡು ಬರ್ತಿದ್ದೆ."

ಆದಿತ್ಯವಾರ ಪರ್ಕಳಕ್ಕೆ ಹೋದಾಗ ಒಲಿಂಪಿಯಾ ಬಾಯಿ ಬಾಗಿಲಲ್ಲೇ ನನ್ನನ್ನು ತಡೆದರು. ಖಾದರ್ ಬ್ಯಾರಿಗಳು ಯಾವುದೋ ಬಸ್ಸಿನವರ ಕೈಯಲ್ಲಿ ಹೇಳಿಕಳಿಸಿದ್ದರಂತೆ, ನಿಮ್ಮನ್ನು ವಿಚಾರಿಸಿಕೊಂಡು ಒಬ್ಬ ಬಂದಿದ್ದಾನೆ, ಜಾಗ್ರತೆ ಎಂದು.

"ಇವತ್ತು ಒಳಗೆ ಬನ್ನಿ. ಕಾಪುವಿನಲ್ಲಿ ಏನು ನೋಡಿದಿರಿ, ಹೇಳಿ."

ಒಳಗೆ ಒಂದು ಮಂಚ, ಒಂದು ಮೇಜು, ಶಿಲುಬೆ, ಸ್ಟವ್. ನಾನು ಮೇಜಿನ ತುದಿಯಲ್ಲಿ ಕುಳಿತೆ. "ನೀವು ಸ್ಪ್ಯಾನಿಷ್ ಟೀಚರ್ ಅ‌ಲ್ಲ ಅಂತ ಗೊತ್ತಾಯಿತು."

"ಅದು ನೀವು ತಿಳಿದದ್ದು. ನೋಡಿದ್ದು ಹೇಳಿ."

"ಅಂಗಡಿ. ಖಾದರ್ ಬ್ಯಾರಿಗಳು. ದೂರದಿಂದ ಲೈಟ್‌ಹೌಸು."

"ನಾವಿದ್ದ ಮನೆ ನೋಡಿದಿರಾ? ಅಂಗಡಿಯ ಹಿಂದೆಯೇ ಉಂಟು."

"ಇಲ್ಲ."

ಅವರು ಎದ್ದು ಸ್ಟವ್ ಹತ್ತಿರ ಹೋದರು. "ಆ ಮನೆಯ ಹಿಂದೆ ಒಂದು ನುಗ್ಗೆ ಮರ ಇತ್ತು. ನನ್ನ ಯಜಮಾನರು ನೆಟ್ಟದ್ದು. ನೀವು ನೋಡಿದ್ದರೆ ಇನ್ನೂ ಉಂಟಾ ಇಲ್ಲವಾ ಅಂತ ಕೇಳಬಹುದಿತ್ತು."

ಅವರು ಸ್ಟವ್ ಹಚ್ಚಿ ಚಾಕ್ಕೆ ನೀರಿಟ್ಟರು. ಅಂದಿನಿಂದ ನಾನು ಒಳಗೆ ಕುಳಿತುಕೊಳ್ಳತೊಡಗಿದೆ. ಅನುಮಾನ ಹೋಯಿತೆಂದಲ್ಲ, ಒಳಗಿದ್ದರೆ ಇನ್ನೂ ಚೆನ್ನಾಗಿ ಅನುಮಾನ ಪಡಬಹುದು ಎಂದು ನನಗೆ ನಾನೇ ಹೇಳಿಕೊಂಡೆ.

ಆ ತಿಂಗಳು ಅವರು ಪಾರ್ಶ್ವವಾಯು ಹಿಡಿದವನನ್ನು ಮಾಡಿನ ಹಂಚು ತೆಗೆದು ಯೇಸುವಿನ ಮುಂದೆ ಕೆಳಗಿಳಿಸಿದ ಕಥೆ ಓದುತ್ತಿದ್ದರು. ನಾನು ಆ ಕಥೆಯನ್ನು ಇಗರ್ಜಿಯಲ್ಲಿ ಕೇಳುತ್ತಲೇ ಬೆಳೆದವನು. ಆದರೆ ಹೊತ್ತು ತಂದ ನಾಲ್ವರಲ್ಲಿ ಒಬ್ಬನೂ ಬಾಯಿ ಬಿಡುವುದಿಲ್ಲ ಎಂಬುದು ಗೊತ್ತಾದದ್ದು ಆ ರೂಮಿನಲ್ಲಿ. "ನಾಲ್ವರಿಗೂ ಒಂದೂ ಮಾತಿಲ್ಲ, ಮಾಡು ಒಡೆದದ್ದು ಮಾತ್ರ ಉಂಟು," ಎಂದು ಒಲಿಂಪಿಯಾ ಬಾಯಿ ಪುಟದ ಮೇಲೆ ಬೆರಳಿಟ್ಟು ತೋರಿಸಿದಾಗ ನನಗೂ ಬಗ್ಗಿ ನೋಡಬೇಕೆನಿಸಿತು. ನೋಡಿದೆ. ಒಂದಕ್ಷರ ಅರ್ಥವಾಗಲಿಲ್ಲ, ಆದರೂ ನಿಜವೆಂದು ತೋರಿತು. ಹಂಚಿನ ಮಾಡು ರಿಪೇರಿ ಮಾಡಿಸಿದ್ದು ಯಾರು ಎಂದು ಕೇಳಿದೆ. "ಬರೆದಿಲ್ಲ," ಎಂದರು ಇಬ್ಬರೂ ಒಟ್ಟಿಗೆ.

ವರ್ಷ ತುಂಬುವ ಹೊತ್ತಿಗೆ ಹಿಲ್ಡಾಳನ್ನು ಪರೀಕ್ಷಿಸಲು ಸ್ಪೇನ್ ದೇಶದ ಸಿಸ್ಟರ್ ಪಿಲಾರ್ ಎಂಬವರು ಉಡುಪಿಗೆ ಬಂದರು. ಅಮ್ಮನೂ ಹೊರಟಳು. ಕಾನ್ವೆಂಟಿನ ಮುಂದಿನ ಕೋಣೆಯಲ್ಲಿ ನಾವು ಮೂವರು ಒಂದು ಬದಿಗೆ, ಕುಳ್ಳಗಿನ, ದಪ್ಪ ಕನ್ನಡಕದ ಆ ಸಿಸ್ಟರ್ ಇನ್ನೊಂದು ಬದಿಗೆ. ಅವರು ಬಾಯಿ ತೆರೆದದ್ದೇ ತಡ, ಹಂಚಿನ ಮೇಲೆ ಮಳೆ ಸುರಿದ ಹಾಗೆ ಮಾತು ಸುರಿಯಿತು. ಹಿಲ್ಡಾಳ ಮುಖ ಬಿಳಚಿಕೊಂಡಿತು. ಅವಳಿಗೆ ಏನೂ ಅರ್ಥವಾಗಿಲ್ಲವೆಂದು ನನಗೆ ಗೊತ್ತಾಯಿತು. ಸತ್ಯ ಹೇಳುತ್ತೇನೆ, ಆಗ ನನಗೆ ಸಮಾಧಾನವೂ ಆಯಿತು, ಅದರ ಬೆನ್ನಿಗೇ ಆ ಸಮಾಧಾನಕ್ಕೆ ನಾಚಿಕೆಯೂ ಆಯಿತು.

ಹಿಲ್ಡಾ ತನ್ನ ಬೈಬಲನ್ನು ಮುಂದಿಟ್ಟಳು. ಸಿಸ್ಟರ್ ಅದನ್ನು ತೆರೆದು, ಈ ಸಲ ನಿಧಾನವಾಗಿ, ಒಂದು ಕಡೆ ಬೆರಳಿಟ್ಟು ಏನೋ ಕೇಳಿದರು. ಮಾಡು ಒಡೆದ ಕಥೆಯೇ. ಹಿಲ್ಡಾ ಪುಸ್ತಕ ನೋಡದೆ ಹೇಳತೊಡಗಿದಳು. ಯಾರಿದ್ದರು, ಎಲ್ಲಿ ನಿಂತಿದ್ದರು, ಬಾಗಿಲಲ್ಲಿ ಯಾಕೆ ಜಾಗವಿರಲಿಲ್ಲ. ನನಗೆ ಶಬ್ದಗಳು ತಿಳಿಯದಿದ್ದರೂ ಸಾಲು ತಿಳಿಯುತ್ತಿತ್ತು. ಸಿಸ್ಟರ್ ನಡುವೆ ಏನೋ ಕೇಳಿದರು. ಹಿಲ್ಡಾ ತಲೆಯಾಡಿಸಿ ಒಂದೇ ಮಾತು ಹೇಳಿದಳು. 'ಬರೆದಿಲ್ಲ' ಎಂಬುದಕ್ಕೆ ಸ್ಪ್ಯಾನಿಷ್ ಮಾತು ಏನೆಂದು ಆ ಹೊತ್ತಿಗೆ ನನಗೂ ಬಾಯಿಪಾಠವಾಗಿತ್ತು.

ಆಮೇಲೆ ಸಿಸ್ಟರ್ ಇಂಗ್ಲಿಷಿನಲ್ಲಿ, "ನಿನ್ನ ರೋಗಿಯೊಬ್ಬ ಹಾಸಿಗೆ ಬಿಟ್ಟು ಏಳಬೇಕು. ಅವನಿಗೆ ಹೇಗೆ ಹೇಳುತ್ತಿ?" ಎಂದು ಕೇಳಿದರು. ಹಿಲ್ಡಾ ತನಗೆ ಗೊತ್ತಿದ್ದ ಒಂದೇ ರೀತಿಯಲ್ಲಿ, ಆ ಕಥೆಯಲ್ಲಿ ಯೇಸು ಹೇಳಿದ ಮಾತಿನಲ್ಲೇ ಹೇಳಿದಳು: ಏಳು, ನಿನ್ನ ಹಾಸಿಗೆ ಎತ್ತಿಕೋ, ನಡೆ.

ಸಿಸ್ಟರ್ ಪಿಲಾರ್ ಕನ್ನಡಕ ತೆಗೆದು ಕಣ್ಣೊರಸಿಕೊಳ್ಳುವಷ್ಟು ನಕ್ಕರು. "ನಿಮ್ಮ ತಂಗಿಯ ನಾಲಗೆ ಪೋರ್ಚುಗಲ್‌ನದು, ಮಾತು ಸುವಾರ್ತೆಯದು. ಇಷ್ಟು ಸಾಕು. ಉಳಿದದ್ದನ್ನು ರೋಗಿಗಳು ಕಲಿಸುತ್ತಾರೆ," ಎಂದು ನನಗೆ ಹೇಳಿದರು.

ಅಮ್ಮ ನನ್ನ ತೋಳು ಹಿಡಿದಳು. "ಅವರು ಯಾಕೆ ನಗ್ತಿದ್ದಾರೆ? ನೀನು ಕೇಳು, ಅಲ್ಲಿ ಇವಳನ್ನು ಮನೆಗೆಲಸಕ್ಕೆ ಹಾಕ್ತೀರಾ ಅಂತ ಕೇಳು."

ನಾಚಿಕೆಯಾದರೂ ಕೇಳಿದೆ. ಸಿಸ್ಟರ್ ನಗು ನಿಲ್ಲಿಸಿದರು. "ತಾಯಿ ಕೇಳಬೇಕಾದ ಪ್ರಶ್ನೆ. ಅಲ್ಲಿ ನಾವೆಲ್ಲರೂ ಮನೆಗೆಲಸ ಮಾಡುತ್ತೇವೆ. ನೀರು ಹೊರುತ್ತೇವೆ, ಬಟ್ಟೆ ಒಗೆಯುತ್ತೇವೆ. ನಿಮ್ಮ ಮಗಳೂ ಮಾಡಬೇಕಾಗುತ್ತದೆ," ಎಂದರು.

ಹಿಂದಿರುಗುವ ಬಸ್ಸು ಮಣಿಪಾಲ ದಾಟಿತು. "ಆ ಸಿಸ್ಟರಿನ ಕೈ ನೋಡಿದೆ," ಎಂದಳು ಅಮ್ಮ. "ಉಗುರಿನ ಸುತ್ತ ಎಲ್ಲ ಒಡೆದಿತ್ತು. ತಾನೇ ಕೆಲಸ ಮಾಡುವವಳು. ಅವಳು ಹೇಳಿದ್ದು ಸುಳ್ಳಲ್ಲ." ಹಿಲ್ಡಾ ಅಮ್ಮನ ಭುಜಕ್ಕೆ ತಲೆಯಿಟ್ಟಳು. ನನಗೆ ಇನ್ನೂ ಕೇಳಬೇಕಾದ ಪ್ರಶ್ನೆಗಳಿದ್ದವು, ಆದರೆ ಕೇಳಿಸಿಕೊಳ್ಳುವವರು ಯಾರೂ ಉಳಿದಿರಲಿಲ್ಲ.

ಹಿಲ್ಡಾ ಹೋದಳು. ಅವಳು ಹೋದ ಮೇಲೂ ನಾನು ಆಗಾಗ ಪರ್ಕಳದಲ್ಲಿ ಇಳಿದು ಒಲಿಂಪಿಯಾ ಬಾಯಿಯವರನ್ನು ನೋಡಿಕೊಂಡು ಬರುತ್ತಿದ್ದೆ. ಎರಡು ಮೂರು ವರ್ಷ ಕಳೆದು, ಅಂದರೆ ಎಂಬತ್ತರ ದಶಕ ಶುರುವಾದ ಮೇಲೆ, ಹಿಲ್ಡಾ ಒಂದು ಕ್ಯಾಸೆಟ್ ಕಳಿಸಿದಳು. ನಮ್ಮಲ್ಲಿ ಟೇಪ್ ರೆಕಾರ್ಡರ್ ಇರಲಿಲ್ಲ. ಗಲ್ಫಿನಲ್ಲಿ ಮಕ್ಕಳಿರುವ ಮನೆಗಳಲ್ಲಿ ಇರುತ್ತಿತ್ತು. ಖಾದರ್ ಬ್ಯಾರಿಗಳ ಅಳಿಯ ದುಬೈಯಿಂದ ತಂದದ್ದು ಉಂಟೆಂದು ತಿಳಿದು, ಅಮ್ಮನನ್ನೂ ಒಲಿಂಪಿಯಾ ಬಾಯಿಯವರನ್ನೂ ಕರೆದುಕೊಂಡು ಒಂದು ಮಧ್ಯಾಹ್ನ ಕಾಪುವಿಗೆ ಹೋದೆ. ಬಾಯಿ ಮೊದಲು ಅಂಗಡಿಯ ಹಿಂದಕ್ಕೆ ಹೋಗಿ ಬಂದರು. ನುಗ್ಗೆ ಮರ ಇತ್ತು. ಖಾದರ್ ಬ್ಯಾರಿಗಳು ಅದರ ಸೊಪ್ಪು ಕಟ್ಟು ಮಾಡಿ ಅಂಗಡಿಯಲ್ಲಿ ಮಾರುತ್ತಿದ್ದರಂತೆ. ಅವರು ಸಂಕೋಚಪಟ್ಟರು, ಬಾಯಿ ನಕ್ಕರು.

ಜಗಲಿಯಲ್ಲಿ ಎಲ್ಲರೂ ಕುಳಿತೆವು. ಒಳಗಿನಿಂದ ಚಾ ಬಂತು. ಟೇಪು ತಿರುಗಿತು. ಹಿಲ್ಡಾಳ ಸ್ವರ, ಅದೇ ಸ್ವರ. ಅಮ್ಮ, ನಾನು ಚೆನ್ನಾಗಿದ್ದೇನೆ. ಊಟ ಸೇರುತ್ತದೆ. ಚಳಿ ಉಂಟು, ಕಂಬಳಿ ಕೊಟ್ಟಿದ್ದಾರೆ. ಶುರುವಿನಲ್ಲಿ ರೋಗಿಗಳಿಗೆ 'ಹಾಸಿಗೆ ಎತ್ತಿಕೋ, ನಡೆ' ಎಂದಾಗ ಕೆಲವರು ಶಿಲುಬೆ ಗುರುತು ಹಾಕಿಕೊಂಡರು, ಈಗ ಬೇರೆ ಮಾತು ಕಲಿತಿದ್ದೇನೆ. ನೀನು ಔಷಧ ಬಿಡಬೇಡ. ಟೇಪು ಮುಗಿಯಿತು.

"ಎಲ್ಲ ಚೆನ್ನಾಗಿ ಉಂಟು ಅಂತ ಹೇಳ್ತಾಳೆ," ಎಂದಳು ಅಮ್ಮ. "ಹಾಗಾದರೆ ಎಂತದೋ ಉಂಟು. ಪೆದ್ರು?"

ನನಗೂ ಹಾಗೆಯೇ ಅನಿಸಿತ್ತು. ಒಲಿಂಪಿಯಾ ಬಾಯಿ ಕೈ ಎತ್ತಿದರು. "ಅವಳು ಹೇಳಿದ್ದು ಬಿಡಿ. ಬೇರೆ ಏನೇನು ಕೇಳಿಸಿತು? ಇನ್ನೊಮ್ಮೆ ಹಾಕಿ."

ಖಾದರ್ ಬ್ಯಾರಿಗಳು ತಿರುಗಿಸಿ ಹಾಕಿದರು. ಈ ಸಲ ಯಾರೂ ಹಿಲ್ಡಾಳ ಮಾತು ಕೇಳಲಿಲ್ಲ.

"ಕೋಳಿ ಉಂಟು," ಎಂದರು ಖಾದರ್ ಬ್ಯಾರಿಗಳು.

"ಗಾಳಿ," ಎಂದೆ ನಾನು. "ಮತ್ತೆ ಬಾಗಿಲು ಬಡಿದ ಶಬ್ದ."

"ಸುಮ್ಮನಿರು," ಎಂದಳು ಅಮ್ಮ. ಅವಳು ಪೆಟ್ಟಿಗೆಯ ಹತ್ತಿರ ಕಿವಿ ತಂದಿದ್ದಳು. ಔಷಧದ ಮಾತಿಗೆ ಸ್ವಲ್ಪ ಮೊದಲು, ದೂರದಿಂದ ಒಬ್ಬಳು ಮುದುಕಿಯ ಸ್ವರ ಯಾರನ್ನೋ ಕರೆಯಿತು. "ಇಲ್ದಿತಾ." ಕೂಡಲೇ ಹಿಲ್ಡಾ ಆ ಕಡೆಗೆ ತಿರುಗಿ ಏನೋ ಅಂದಳು, ಬೇಗ ಬೇಗ, ನಗುತ್ತಾ. ನಮ್ಮೊಡನೆ ಮಾತಾಡುತ್ತಿದ್ದ ಸ್ವರಕ್ಕಿಂತ ಅದು ಹಗುರವಾಗಿತ್ತು. ಆಮೇಲೆ ಗಂಟಲು ಸರಿಮಾಡಿಕೊಂಡು ಮತ್ತೆ ಔಷಧದ ವಿಷಯಕ್ಕೆ ಬಂದಳು.

"ಎಂತ ಹೇಳಿದಳು ಬಾಯಿ?" ಎಂದು ಅಮ್ಮ ಕೇಳಿದಳು.

"ನನಗೆ ಅರ್ಥವಾಗಲಿಲ್ಲ," ಎಂದರು ಒಲಿಂಪಿಯಾ ಬಾಯಿ. ಅವರ ಮುಖದಲ್ಲಿ ಅಷ್ಟು ಸಂತೋಷವನ್ನು ನಾನು ಅದಕ್ಕೆ ಮೊದಲು ಕಂಡಿರಲಿಲ್ಲ. "ಬಹಳ ಬೇಗ ಹೇಳಿದಳು. ನನಗೆ ಒಂದು ಶಬ್ದವೂ ಸಿಕ್ಕಲಿಲ್ಲ. ಆ ಮುದುಕಿ ಕರೆದದ್ದು ಮಾತ್ರ ಗೊತ್ತಾಯಿತು. ಅದು ಹಿಲ್ಡಾ ಎನ್ನುವ ಹೆಸರೇ. ಅವರು ಹ ಹೇಳುವುದಿಲ್ಲ. ಪ್ರೀತಿಯಿಂದ ಕರೆಯುವಾಗ ಕೊನೆಗೆ 'ಇತಾ' ಸೇರಿಸುತ್ತಾರೆ."

ಅಮ್ಮ ಪೆಟ್ಟಿಗೆಯಿಂದ ಕಿವಿ ತೆಗೆದು ಚಾದ ಲೋಟ ಕೈಗೆತ್ತಿಕೊಂಡಳು.

"ಅವಳು ಅಲ್ಲಿ ಸುಖವಾಗಿದ್ದಾಳೆ," ಎಂದಳು. "ಇನ್ನು ಬರುವುದಿಲ್ಲ."

ನಾನು ಏನಾದರೂ ಹೇಳಬೇಕಿತ್ತು. ಐದು ವರ್ಷ ಅಂತ ಹೇಳಿದ್ದಾಳಲ್ಲ, ಒಂದು ಹೆಸರು ಕೇಳಿದ ಮಾತ್ರಕ್ಕೆ ಹಾಗೆ ಹೇಳಲಿಕ್ಕೆ ಆಗುತ್ತದಾ ಎಂದು. ಮುಂದೆ ಅಮ್ಮ ಹೇಳಿದಂತೆಯೇ ಆಯಿತು. ಹಿಲ್ಡಾ ಒಂದೆರಡು ಸಲ ರಜೆಗೆಂದು ಬಂದು ಹೋದಳು. ಬಂದಾಗಲೆಲ್ಲ ಇಲ್ಲಿಯ ಸೆಕೆ ತಡೆಯಲಾರದೆ ಒದ್ದಾಡಿದಳು.

"ಇನ್ನೊಮ್ಮೆ ಹಾಕ್ಲಾ?" ಎಂದು ಅಂದು ಆ ಜಗಲಿಯಲ್ಲಿ ಖಾದರ್ ಬ್ಯಾರಿಗಳು ಮೆಲ್ಲಗೆ ಕೇಳಿದರು.

"ಬೇಡ ಬ್ಯಾರಿಗಳೇ. ಕೇಳಿ ಆಯಿತು."

ಅಮ್ಮ ಲೋಟವನ್ನು ಕೆಳಗಿಟ್ಟು ಸೆರಗಿನಲ್ಲಿ ಬಾಯಿ ಒರಸಿಕೊಂಡಳು. ಮತ್ತೆ ಯಾರ ಕಡೆಗೂ ನೋಡದೆ, ಹೊಸ ಶಬ್ದ ಕಲಿಯುವವರ ಹಾಗೆ ನಿಧಾನವಾಗಿ, ಆ ಹೆಸರನ್ನು ತಾನೂ ಒಮ್ಮೆ ಹೇಳಿ ನೋಡಿದಳು.

"ಇಲ್ದಿತಾ."